ಕೆಟ್ಟುಹೋದ ಒಂದು ನಿಮಿಷ

ನನ್ನ ಗಂಡ ಮೂವತ್ತು ವರ್ಷ ಸಾಕ್ಷ್ಯಚಿತ್ರ ತೆಗೆದರು. ಪ್ರಶಸ್ತಿಯ ಮಾತು ಹಾಗಿರಲಿ, ನೆಂಟರಲ್ಲೂ "ಈಗೇನು ತೆಗೀತಿದೀರಿ?" ಎಂದು ಎರಡನೇ ಸಲ ಕೇಳಿದವರಿಲ್ಲ. ಆಸ್ಪತ್ರೆಯ ಬಟ್ಟೆ ಒಗೆಯುವ ಹೆಂಗಸರ ಮೇಲೆ ಎರಡು ವರ್ಷ ಬೆವರು ಸುರಿಸಿ ಮೊದಲ ಚಿತ್ರ ಮಾಡಿದರು. ನೋಡಿದವರು ಹನ್ನೊಂದು ಜನ. ಅದರಲ್ಲಿ ಇಬ್ಬರು ಮಳೆ ಬಂತೆಂದು ಒಳಗೆ ನುಗ್ಗಿದವರು.

ಇವರಿಗೊಂದು ಹುಚ್ಚು. ಎಲ್ಲೇ ಚಿತ್ರೀಕರಣ ಮಾಡಲಿ, ಹೊರಡುವ ಮುಂಚೆ ಎಲ್ಲರನ್ನೂ ಸುಮ್ಮನೆ ಕೂರಿಸಿ ಒಂದು ನಿಮಿಷ ಆ ಕೋಣೆಯ ಬರೀ ಸದ್ದನ್ನು ಹಿಡಿಯಬೇಕು. ಮಾತು ಕತ್ತರಿಸಿದ ಕಡೆ ತೇಪೆ ಹಾಕಲು ಅದು ಬೇಕಂತೆ. ಮೈಕು ಹಿಡಿಯುತ್ತಿದ್ದವಳು ನಾನು. ಕೆಮ್ಮು ಬಂದರೂ ನುಂಗಿಕೊಳ್ಳಬೇಕಿತ್ತು. ನಡುವೆ ಯಾರಾದರೂ ಬಾಯಿಬಿಟ್ಟರೆ ಮುಖ ಸಿಂಡರಿಸಿಕೊಂಡು ಟೇಪಿನ ಮೇಲೆ "ಕೆಟ್ಟಿದೆ" ಎಂದು ಬರೆಯುತ್ತಿದ್ದರು. ಬರೆದ ಮೇಲೆ ಎಸೆಯಬೇಕೋ ಬೇಡವೋ? ಅಂಥವುಗಳದ್ದೇ ಒಂದು ಪೆಟ್ಟಿಗೆ ನಮ್ಮ ಮಂಚದ ಕೆಳಗೆ ಠಿಕಾಣಿ ಹೂಡಿತ್ತು. ಮೊನ್ನೆ ನಾನೇ ಅದಕ್ಕೆ ಹಗ್ಗ ಬಿಗಿದು, ಕಸದ ಗಾಡಿಗೆಂದು ಬಾಗಿಲ ಬಳಿ ಇಟ್ಟಿದ್ದೆ.

ಮಾರನೆಯ ಮಧ್ಯಾಹ್ನ ಮೂವತ್ತೈದರ ಆಸುಪಾಸಿನ ಹೆಂಗಸೊಬ್ಬಳು ಬಂದಳು. ಬಸ್ಸು ಓಡಿಸುವವಳು, ಇನ್ನೂ ಸಮವಸ್ತ್ರದಲ್ಲೇ ಇದ್ದಳು.

"ನಮ್ಮಮ್ಮ ನಿಮ್ಮ ಚಿತ್ರದಲ್ಲಿದ್ರಂತೆ ಸರ್. ಆಸ್ಪತ್ರೆ ಇಸ್ತ್ರಿ ಕೋಣೇಲಿ ಕೆಲಸ ಮಾಡ್ತಿದ್ರು. ಅವ್ರು ತೀರ್ಕೊಂಡಾಗ ನಂಗೆ ಐದು ವರ್ಷ. ಮುಖ ನೋಡೋಕೆ ಫೋಟೋ ಇದೆ. ದನಿ ಮಾತ್ರ ಎಷ್ಟು ತಲೆ ಕೆರ್ಕೊಂಡ್ರೂ ನೆನಪಾಗ್ತಿಲ್ಲ."

ಇವರು ಚಿತ್ರ ಹಾಕಿದರು. ಅದರಲ್ಲಿ ಅವಳಮ್ಮ ತಲೆ ಬಾಚಿ, ಬೆನ್ನು ನೆಟ್ಟಗೆ ಮಾಡಿ, "ನಾನು ಇಲ್ಲಿ ಒಂಬತ್ತು ವರ್ಷಗಳಿಂದ ಕೆಲಸ ಮಾಡುತ್ತಿದ್ದೇನೆ" ಎಂದು ಗಿಣಿಪಾಠ ಒಪ್ಪಿಸುತ್ತಾಳೆ. ಮಗಳು ಎರಡು ಸಲ ಕೇಳಿದಳು.

"ಚೆನ್ನಾಗಿದೆ ಸರ್. ಆದ್ರೆ... ಯಾರೋ ಬೇರೆಯವರು ಮಾತಾಡ್ದಂಗಿದೆ." ಅವಳ ಮುಖ ಬಾಡಿಹೋಯಿತು.

ಇವರು ಎದ್ದು ಬಾಗಿಲ ಬಳಿ ಹೋದರು. ನಾನು ಬಿಗಿದ ಗಂಟನ್ನು ಹಲ್ಲಿನಿಂದ ಬಿಚ್ಚಿದರು. ನನಗೆ ಒಂದು ಮಾತೂ ಅನ್ನಲಿಲ್ಲ, ಅದು ಇವರ ದೊಡ್ಡತನ. ಪೆಟ್ಟಿಗೆಯ ತಳದಿಂದ ಒಂದು ಟೇಪು ಹುಡುಕಿ ಹಾಕಿದರು.

ಮೊದಲು ಯಂತ್ರಗಳ ಗುಂಯ್ ಸದ್ದು. ಆಮೇಲೆ ಒಮ್ಮೆಗೇ ಒಂದು ಗಟ್ಟಿ ಗಂಟಲು:

"ಏನ್ರೀ ಇದು, ಸುಮ್ನೆ ಕೂರೋದೂ ಒಂದು ಕೆಲಸಾನಾ? ಅಲ್ಲಿ ನನ್ನ ಮಗಳು ನಾನು ಹೋಗೋವರ್ಗೂ ಒಂದು ತುತ್ತು ಮುಟ್ಟಲ್ಲ, ಹಟಮಾರಿ ಕತ್ತೆ. ಉಂಡಳೋ ಇಲ್ವೋ!"

ಅದರ ಹಿಂದೆಯೇ ಕಿಸಕ್ಕೆಂದು ಒಂದು ನಗು. ಅದು ನನ್ನದು. ಮೈಕು ಹಿಡಿದವಳೇ ನಕ್ಕು ಆ ನಿಮಿಷವನ್ನು ಪೂರ್ತಿ ಕೆಡಿಸಿದ್ದೆ. ಆ ಸಂಜೆ ಇವರಿಂದ ಚೆನ್ನಾಗಿ ಬೈಸಿಕೊಂಡಿದ್ದೆ.

ಮಗಳು ಸ್ಪೀಕರಿನ ಹತ್ತಿರ ಬಗ್ಗಿದಳು. "ಉಂಡೆ ಅಮ್ಮ," ಅಂದಳು.

ಶುದ್ಧ ಸುಳ್ಳು. ಬೆಳಗಿನ ಪಾಳಿ ಮುಗಿಸಿ ನೇರ ನಮ್ಮ ಮನೆಗೆ ಬಂದವಳು ಬರೀ ಹೊಟ್ಟೆಯಲ್ಲಿದ್ದಳು. ನಾನು ಕಣ್ಣೊರೆಸಿಕೊಂಡು ತಟ್ಟೆ ಹಾಕಿದೆ. ಎಸೆಯಲು ಬಿಡದ ಈ ಹುಚ್ಚು ಮನುಷ್ಯ ನನಗೆ ಸಿಕ್ಕಿದ್ದಕ್ಕೆ ಎಂದೂ ಇಲ್ಲದಷ್ಟು ಸಂತೋಷವಾಯಿತು. ಇವರು ಟೇಪನ್ನು ಹಿಂದಕ್ಕೆ ಸುತ್ತಿ ಸುತ್ತಿ ಹಾಕುತ್ತಲೇ ಇದ್ದರು. ಅವಳು ಅಳುತ್ತಾ, ನಗುತ್ತಾ ಉಣ್ಣುತ್ತಿದ್ದಳು. ಮೂರನೇ ಸಲ "ಉಂಡಳೋ ಇಲ್ವೋ" ಎಂದು ಕೇಳಿಸಿದಾಗ ಅವಳ ಬಾಯಿ ತುಂಬಿತ್ತು. ಉತ್ತರ ನಾನೇ ಕೊಟ್ಟೆ:

"ಉಣ್ತಿದಾಳೆ ಕಣಮ್ಮಾ. ನೀನು ನಿಧಾನವಾಗಿ ಬಾ."