ಕೊಳದಂಚಿನ ನಲ್ಲಿ

ಹನ್ನೊಂದು ವರ್ಷ ಚಿನ್ನದ ಪದಕ ಬೇರೆಯವರ ಮನೆಯ ಹೊಸ್ತಿಲು ತುಳಿದಿರಲಿಲ್ಲ. ಮೂರು ಮೀಟರ್ ಎತ್ತರದ ಹಲಗೆಯಿಂದ ಇಬ್ಬರು ಹೆಣ್ಣುಮಕ್ಕಳಲ್ಲಿ ದೊಡ್ಡವಳು ಕೊಳಕ್ಕೆ ಹಾರಿದರೆ ನೀರು ತುಟಿಪಿಟಕ್ಕೆನ್ನುತ್ತಿರಲಿಲ್ಲ. ತರಬೇತಿ ಕೊಟ್ಟವನು ಹೆತ್ತ ಅಪ್ಪನೇ. ಪದಕ ಅವಳ ಕೊರಳಿಗೆ ಬಿದ್ದರೂ ಮೀಸೆ ತಿರುವುತ್ತಿದ್ದವನು ಅವನು.

ತಲೆಕೆಳಗಾಗಿ ನೀರಿಗೆ ಬಡಿದೂ ಬಡಿದೂ ಕಣ್ಣು ಎಷ್ಟು ದಿನ ತಾನೇ ತಡೆದೀತು? ಎಡಗಣ್ಣು ಪೂರ್ತಿ ಹೋಯಿತು, ಬಲಗಣ್ಣು ಮಬ್ಬಾಯಿತು. ಇನ್ನು ಹಾರಕೂಡದು ಎಂದು ಕಣ್ಣಿನ ಡಾಕ್ಟರು ಬರೆದುಕೊಟ್ಟ ಚೀಟಿಯನ್ನು ಅವಳು ತೋರಿಸಿದ್ದು ಅಪ್ಪನೊಬ್ಬನಿಗೇ.

"ಯಾರಿಗೂ ಹೇಳ್ಬೇಡಿ ಅಪ್ಪ. ಇದೊಂದು ಸಲ ದೇಶದ ತಂಡಕ್ಕೆ ಆಯ್ಕೆ ಆದ್ರೆ ಸಾಕು."

"ನಾನಿದ್ದೀನಲ್ಲ ಮಗಳೇ," ಎಂದು ಅವನು ಚೀಟಿಯನ್ನು ಜೇಬಿಗಿಳಿಸಿದ.

ಅಂದಿನಿಂದ ಅವಳನ್ನು ಕಾಪಾಡಿದ್ದು ಕೊಳದಂಚಿನ ಪೈಪು. ನಿಂತ ನೀರು ಕನ್ನಡಿಯಿದ್ದಂತೆ, ಪಲ್ಟಿ ಹೊಡೆಯುವಾಗ ಚಾವಣಿ ಯಾವುದು, ನೀರು ಯಾವುದು ತಿಳಿಯುವುದಿಲ್ಲ. ಪೈಪಿನಿಂದ ಸಿಂಪಡಿಸಿದರೆ ಅಲೆಯೇಳುತ್ತದೆ. ಅಲೆ ಕಂಡಾಗ ಮೈ ಬಿಚ್ಚಿ ನೆಟ್ಟಗಾಗಬೇಕು. ಕಣ್ಣು ಚೆನ್ನಾಗಿದ್ದವರಿಗೆ ಅದೊಂದು ಅನುಕೂಲ, ಅವಳಿಗೋ ಜೀವ. ನಲ್ಲಿ ತಿರುಗಿಸುವ ಕೆಲಸ ಅಪ್ಪನದು.

ಆಯ್ಕೆಗೆ ಇದ್ದದ್ದು ಒಂದೇ ಜಾಗ. ಕೊನೆಯ ಹಾರಾಟಕ್ಕೆ ಉಳಿದವರು ಇಬ್ಬರು, ದೊಡ್ಡವಳು ಮತ್ತು ಅವಳ ತಂಗಿ. ತಂಗಿಗೆ ಹದಿನೇಳು, ಇನ್ನೂ ಹತ್ತು ವರ್ಷ ಹಾರುವ ಮೈ. ಆದರೂ ಅಕ್ಕನೇ ಆರು ಅಂಕ ಮುಂದಿದ್ದಳು.

ಹಲಗೆಯ ಮೇಲೆ ನಿಂತು ಕೆಳಗೆ ನೋಡಿದಳು. ಅಲೆಯಿಲ್ಲ, ಪೈಪು ನಿಂತುಹೋಗಿದೆ. ಪಾಪ, ವಯಸ್ಸಾಯಿತು, ಮರೆತಿರಬೇಕು ಎಂದುಕೊಂಡಳು, ಪೆದ್ದಿ.

"ಅಪ್ಪ, ನೀರು ಬಿಡಿ."

ಅಪ್ಪ ನಲ್ಲಿಯ ಮೇಲೆ ಕೈಯಿಟ್ಟುಕೊಂಡೇ, ತೀರ್ಪುಗಾರರಿಗೆಲ್ಲ ಮುಟ್ಟುವಂತೆ ಕೇಳಿದ: "ಯಾಕಮ್ಮ, ನೀರು ಕಾಣಿಸ್ತಿಲ್ವಾ? ಕಣ್ಣಿಗೇನಾದ್ರೂ ಆಗಿದ್ಯಾ?"

ತೀರ್ಪುಗಾರರ ಐದೂ ತಲೆಗಳು ಮೇಲೆದ್ದವು. ಇನ್ನೊಂದು ಮಾತಾಡಿದರೆ ಚೀಟಿ ಜೇಬಿನಿಂದ ಹೊರಗೆ ಬರುತ್ತದೆ. ಕೊಟ್ಟಿಗೆಯಲ್ಲಿ ಎಳೆಗರು ಇರುವಾಗ ಮುದಿ ಎತ್ತಿಗೆ ಹುಲ್ಲು ಹಾಕುವವರು ಯಾರು? ಅವಳಿಗೆ ಈಗ ಎಲ್ಲ ಅರ್ಥವಾಯಿತು.

"ಕಾಣಿಸ್ತಿದೆ," ಎಂದಳು.

ಎರಡೂವರೆ ಪಲ್ಟಿಯ ಹಾರಾಟ ಅದು. ಚಾವಣಿಯ ದೀಪಗಳನ್ನೇ ನೀರೆಂದು ತಿಳಿದು ಎರಡಕ್ಕೇ ಮೈ ಬಿಚ್ಚಿದಳು. ಮುಖ ನೀರಿಗೆ ಅಪ್ಪಳಿಸಿದ ಸದ್ದಿಗೆ ಕೂತವರು ಎದ್ದು ನಿಂತರು. ತಡಕಾಡಿ ಅಂಚು ಹಿಡಿಯುವಷ್ಟರಲ್ಲಿ ಬಲಗಣ್ಣಿಗೂ ಕಪ್ಪು ಪರದೆ ಇಳಿಯುತ್ತಿತ್ತು.

"ಅಪ್ಪ," ಎಂದು ಕೈ ಚಾಚಿದಳು.

ಪಕ್ಕದಲ್ಲೇ ನಲ್ಲಿ ಕಿರ್ರೆಂದಿತು. ನೀರಿನ ಮೇಲೆ ನೀರು ಬೀಳತೊಡಗಿತು.

"ಬೇಗ ಮೇಲೆ ಬಾ, ಅಡ್ಡ ನಿಲ್ಬೇಡ," ಎಂದ ಅಪ್ಪ. "ಚಿಕ್ಕೋಳು ಹಾರ್ಬೇಕು."