ಕೈಗೇ ಬೀಳುವ ಚೆಂಡು

ಕೋದಂಡರಾಮಪ್ಪ ಬಂದದ್ದು ಭಾನುವಾರ ಮಧ್ಯಾಹ್ನ, ಶಾಮಲಮ್ಮ ವಾರದ ಬಟ್ಟೆ ಒಗೆದು ಹಿತ್ತಲಲ್ಲಿ ಹರವುತ್ತಿದ್ದಾಗ. ಬೀದಿಯಲ್ಲಿ ಮೋಟಾರ್ ಸೈಕಲ್ ನಿಂತ ಸದ್ದು, ಅದರ ಹಿಂದೆಯೇ ಗಂಡ ಕದಿರೇಶನ ನಗು ಕೇಳಿಸಿತು. ಹಿಂಡಿದ ಸೀರೆಯನ್ನು ಹೆಗಲ ಮೇಲೆ ಹಾಕಿಕೊಂಡೇ ಅವಳು ನಿಂತಳು. ಸೀರೆಯ ನೀರು ಬೆನ್ನಿಗೆ ಇಳಿಯುತ್ತಿತ್ತು. ಯಾರೋ ಫುಟ್‌ಬಾಲಿನವರು ಬಂದಿದ್ದಾರೆ, ಅಷ್ಟು ಅವಳಿಗೆ ಗೊತ್ತಾಯಿತು. ಅವನು ಹಾಗೆ ನಗುವುದು ಅವರ ಜೊತೆ ಮಾತ್ರ.

ಬೆಂಗಳೂರಿನ ಕಾರ್ಖಾನೆಯೊಂದರ ಟೀಮಿನಲ್ಲಿ ಕೋದಂಡರಾಮಪ್ಪ ಮತ್ತು ಕದಿರೇಶ ಒಟ್ಟಿಗೆ ಇದ್ದವರು. ಕೋದಂಡರಾಮಪ್ಪ ಈಗ ಆಟ ಬಿಟ್ಟು, ನಂಗಲಿ ದಾಟಿ ಆಂಧ್ರದ ಕಡೆ ಒಂದು ಸಕ್ಕರೆ ಕಾರ್ಖಾನೆಯಲ್ಲಿ ಟೀಮು ನೋಡಿಕೊಳ್ಳುತ್ತಿದ್ದ. ಹೊಟ್ಟೆ ಬಂದಿತ್ತು, ಕೂದಲು ಹೋಗಿತ್ತು.

"ಏನಮ್ಮಾ ಶಾಮಲಾ, ಹೆಂಚಿನ ಫ್ಯಾಕ್ಟರೀಲಿ ಮೇಸ್ತ್ರಿ ಆಗಿದೀಯಂತೆ? ಇನ್ನು ಇವನು ನಿಂಗೆ ಸಲಾಂ ಹೊಡೀಬೇಕು."

"ಹೆಂಗಸರಿಗೆ ಮಾತ್ರ ಮೇಸ್ತ್ರಿ ಅಣ್ಣ. ಗಂಡಸರ ಸಲಾಮು ನನ್ನ ತನಕ ಬರಲ್ಲ," ಎಂದು ಅವಳು ಕಾಫಿ ಲೋಟ ಇಟ್ಟಳು.

ಅವನು ಬಂದ ವಿಷಯ ಎರಡೇ ಮಾತಿನದು. ಅವರ ಗೋಲಿಯ, ಅಂದರೆ ಗೋಲ್‌ಕೀಪರನ, ಮೊಣಕಾಲು ಹೋಗಿದೆ. ಒಬ್ಬ ಅನುಭವಸ್ಥ ಬೇಕು. ಕ್ವಾರ್ಟರ್ಸ್ ಕೊಡುತ್ತಾರೆ.

"ಟ್ರಯಲ್ಲು ಗಿಯಲ್ಲು ಏನೂ ಇಲ್ಲ ಕಣೋ. ನಾನು ಹೇಳಿದ್ರೆ ಮುಗೀತು. ಆದ್ರೆ ನಂಗೆ ನೀನು ಹೇಳ್ಬೇಕು, ಆಗುತ್ತೋ ಇಲ್ವೋ ಅಂತ. ನನ್ನ ಮಾನದ ಪ್ರಶ್ನೆ. ಸುಳ್ಳು ಹೇಳ್ಬೇಡ."

"ದಸರಾ ತನಕ ಟೈಮ್ ಕೊಡು. ಕೈ ನೋಡ್ಕೊಂಡು ಹೇಳ್ತೀನಿ," ಎಂದ ಕದಿರೇಶ.

ನೀನೇನಂತೀಯ ಎಂದು ಶಾಮಲಮ್ಮನನ್ನು ಯಾರೂ ಕೇಳಲಿಲ್ಲ. ಅವಳೂ ಕೇಳಲಿ ಎಂದು ಕಾಯಲಿಲ್ಲ. ಲೋಟ ತೆಗೆದುಕೊಂಡು ಒಳಗೆ ಹೋದಳು.

ಮಾಲೂರಿನ ಈ ಹೆಂಚಿನ ಕಾರ್ಖಾನೆಯಲ್ಲೇ ಅವರಿಬ್ಬರ ಬದುಕು ಶುರುವಾದದ್ದು. ಕದಿರೇಶ ಅವಳ ಸೋದರತ್ತೆಯ ಮಗ. ಬಟ್ಟಿಯಿಂದ ತೆಗೆದ ಹೆಂಚು ಹೆಂಗಸರ ಸಾಲಿನಲ್ಲಿ ಕೈಯಿಂದ ಕೈಗೆ ಬರುತ್ತಿತ್ತು. ಸಾಲಿನ ಕೊನೆಯಲ್ಲಿ ಲಾರಿಯ ಬುಡದಲ್ಲಿ ಶಾಮಲ. ಅವಳು ಎರಡೆರಡು ಹೆಂಚನ್ನು ಜೋಡಿಸಿ ಮೇಲಕ್ಕೆ ಎಸೆಯುವಳು, ಲಾರಿಯ ಮೇಲೆ ನಿಂತ ಕದಿರೇಶ ಹಿಡಿಯುವನು. ಹೆಂಚು ಬರುವಾಗ ಕೈಯನ್ನು ಸ್ವಲ್ಪ ಹಿಂದಕ್ಕೆ ಎಳೆದುಕೊಂಡು, ನೋವಾಗದ ಹಾಗೆ ಎದೆಗೆ ತೆಗೆದುಕೊಳ್ಳುತ್ತಿದ್ದ. ಕೋಲಾರದ ಫುಟ್‌ಬಾಲ್ ಕ್ಲಬ್ಬಿನ ಒಬ್ಬರು ಮನೆ ಕಟ್ಟಲು ಹೆಂಚು ಕೊಳ್ಳಲು ಬಂದು, ವ್ಯಾಪಾರ ಮರೆತು ಅವನನ್ನೇ ನೋಡುತ್ತ ನಿಂತರು. ಹಾಗೆ ಅವನು ಗೋಲಿಯಾದ. ಆ ವರ್ಷವೇ ಅವರ ಮದುವೆಯೂ ಆಯಿತು.

ಕೋಲಾರದಲ್ಲಿ ಬಾಡಿಗೆ ಮನೆ. ಅಲ್ಲಿಂದ ಬೆಂಗಳೂರು. ಕಾರ್ಖಾನೆಯ ಟೀಮಿನಲ್ಲಿ ಅವನು ಎರಡನೇ ಗೋಲಿ. ಮೊದಲನೆಯವನಿಗೆ ಏಟು ಬಿದ್ದರೆ ಮಾತ್ರ ಇವನ ಸರದಿ, ಮೊದಲನೆಯವನಿಗೋ ಏಟು ಬೀಳುತ್ತಲೇ ಇರಲಿಲ್ಲ. ಎಲ್ಲ ಆಟಗಳಿಗೂ ಇವನು ಬಟ್ಟೆ ಹಾಕಿಕೊಂಡು ಬೆಂಚಿನ ಮೇಲೆ ಕೂರುತ್ತಿದ್ದ. ಆಡದೇ ಬಂದವನ ಬಟ್ಟೆಯೂ ಬೆವರಿನಿಂದ ತೊಯ್ದಿರುತ್ತಿದ್ದುದು ಅವಳಿಗೆ ಮೊದಮೊದಲು ಆಶ್ಚರ್ಯ ತರುತ್ತಿತ್ತು. ನೌಕರಿ ಖಾಯಂ ಆಗುತ್ತದೆ ಎನ್ನುತ್ತಲೇ ಅವರು ಅವನನ್ನು ಕೈಬಿಟ್ಟರು. ಆಮೇಲೆ ಮುಳಬಾಗಿಲು. ಒಂದು ಲಾರಿ ಆಫೀಸಿನಲ್ಲಿ ಕೆಲಸ, ಟೂರ್ನಮೆಂಟು ಬಂದಾಗ ಯಾರು ಕರೆದರೆ ಅವರ ಪರವಾಗಿ ಆಟ. ಅದಾದ ಮೇಲೆ ಶ್ರೀನಿವಾಸಪುರ. ಅಲ್ಲಿನ ಮಾವಿನ ಮಂಡಿಯ ಸಾಹುಕಾರರೊಬ್ಬರಿಗೆ ಟೀಮು ಕಟ್ಟುವ ಹುಚ್ಚು ಹತ್ತಿತ್ತು. ಎರಡು ಫಸಲು ಕೆಟ್ಟ ಮೇಲೆ ಹುಚ್ಚು ಬಿಟ್ಟಿತು.

ಪ್ರತಿ ಊರಿನಲ್ಲೂ ಅವಳು ಒಲೆ ಹೂಡಿದಳು, ನೀರಿನ ನಲ್ಲಿ ಯಾವ ಹೊತ್ತಿಗೆ ಬರುತ್ತದೆ ಎಂದು ತಿಳಿದುಕೊಂಡಳು, ಪಕ್ಕದ ಮನೆಯವರ ಜೊತೆ ಮಾತು ಬೆಳೆಸಿದಳು. ಮಾತು ಬೆಳೆದು ಸಲಿಗೆಯಾಗುವ ಹೊತ್ತಿಗೆ ಪಾತ್ರೆಗಳನ್ನು ಮತ್ತೆ ಗೋಣಿಚೀಲಕ್ಕೆ ತುಂಬಿದಳು. ಮಗಳು ಅನಸೂಯ ಪ್ರತಿ ಸ್ಕೂಲಿನಲ್ಲೂ ಕಡೇ ಬೆಂಚಿನಲ್ಲಿ ಕೂತಳು. ಮಾಲೂರಿಗೆ ವಾಪಸು ಬಂದ ಮೇಲೆ ಕದಿರೇಶನಿಗೆ ಬಟ್ಟಿಗೆ ಸೌದೆ ಹಾಕುವ ಕೆಲಸ ಸಿಕ್ಕಿತು. ಶಾಮಲಮ್ಮ ಹಳೆಯ ಸಾಲಿಗೇ ಸೇರಿದಳು. ಈ ಯುಗಾದಿ ಆದ ಮೇಲೆ ಅವಳನ್ನು ಮೇಸ್ತ್ರಿ ಮಾಡಿದ್ದರು. ಅದು ದೊಡ್ಡ ಪದವಿಯೇನಲ್ಲ. ಆದರೆ ಬೆಳಿಗ್ಗೆ ಗೇಟಿನೊಳಗೆ ಹೋದಾಗ ಹೆಂಗಸರು ಅವಳ ಮುಖ ನೋಡುತ್ತಿದ್ದರು, ಇವತ್ತು ಯಾರು ಎಲ್ಲಿ ಎಂದು ಕೇಳುತ್ತಿದ್ದರು. ಜೀವನದಲ್ಲಿ ಮೊದಲ ಸಲ ಯಾರೋ ಅವಳನ್ನು ಏನೋ ಕೇಳುತ್ತಿದ್ದರು.

ಕೋದಂಡರಾಮಪ್ಪ ಹೋದ ಸಂಜೆ ಕದಿರೇಶ ಮುದ್ದೆ ಮುರಿಯುತ್ತ ಹಾಲೆಂಡಿನ ಗೋಲಿಯ ಕಥೆ ತೆಗೆದ. ಅವಳು ಅದನ್ನು ಹಲವು ಸಲ ಕೇಳಿದ್ದಳು. ಬೆಂಗಳೂರಿನ ಕಾರ್ಖಾನೆಯ ಕ್ಲಬ್ಬಿಗೆ ಬರುತ್ತಿದ್ದ ಇಂಗ್ಲಿಷ್ ಪತ್ರಿಕೆಯಿಂದ ಯಾರೋ ಓದಿ ಹೇಳಿದ್ದು.

"ಅವನೂ ನನ್ನ ಥರಾನೇ. ಚಿಕ್ಕ ಚಿಕ್ಕ ಟೀಮಲ್ಲೇ ಆಡ್ಕೊಂಡಿದ್ದ. ಜೊತೆಗೆ ಬೀಡಿ ಸಿಗರೇಟಿನ ಅಂಗಡಿ ಬೇರೆ ಇಟ್ಕೊಂಡಿದ್ನಂತೆ. ಯಾರೂ ಲೆಕ್ಕಕ್ಕೇ ಇಟ್ಟಿರ್ಲಿಲ್ಲ. ಮೂವತ್ತು ದಾಟಿದ ಮೇಲೆ ಕರೆದು ವರ್ಲ್ಡ್ ಕಪ್ಪಲ್ಲಿ ನಿಲ್ಲಿಸಿದ್ರು. ಕೈಗೆ ಗ್ಲೌಸೂ ಹಾಕ್ತಿರ್ಲಿಲ್ಲ. ನಲವತ್ತಾದ್ರೂ ಇನ್ನೂ ಆಡ್ತಾನೇ ಇದಾನಂತೆ."

"ಅವನ ಹೆಂಡ್ತಿ?" ಎಂದಳು ಶಾಮಲಮ್ಮ.

"ಹೆಂಡ್ತಿಗೇನು?"

"ಏನ್ಮಾಡ್ತಿದ್ಲು ಅಂತ. ಅಂಗಡಿ ಯಾರು ನೋಡ್ಕೊಂತಿದ್ರು ಅವನು ಆಟಕ್ಕೆ ಹೋದಾಗ?"

"ಅದೆಲ್ಲ ಪೇಪರಲ್ಲಿ ಬರಲ್ಲ ಕಣೇ," ಎಂದು ಅವನು ಸಾರು ಹಾಕಿಸಿಕೊಂಡ.

ಮಾರನೆಯ ದಿನದಿಂದಲೇ ಅಭ್ಯಾಸ ಶುರುವಾಯಿತು. ಕಾರ್ಖಾನೆಯ ಹಿಂದೆ ಮಣ್ಣು ತೆಗೆದು ತಗ್ಗಾದ ಜಾಗವಿತ್ತು, ಅದರಂಚಿಗೆ ನೀಲಗಿರಿ ಮರಗಳು. ಎರಡು ಮರಗಳ ನಡುವೆ ಕದಿರೇಶ ನಿಂತ. ಚೆಂಡು ಒದೆಯುವವರು ಯಾರೂ ಇರಲಿಲ್ಲ. ನೀನೇ ಎಸಿ ಎಂದು ಹೆಂಡತಿಗೆ ಹೇಳಿದ. ದಿನವಿಡೀ ಕೆಲಸ ಮಾಡಿ ಬಂದ ಕೈಯಲ್ಲೇ ಅವಳು ಎಸೆದಳು. ಅವನು ಹಿಡಿದ. ಮತ್ತೆ ಎಸೆದಳು, ಮತ್ತೆ ಹಿಡಿದ. ಮುರಿದು ಕೂಡಿದ್ದ ಅವನ ಬೆರಳುಗಳು ಒಂದೊಂದೂ ಒಂದೊಂದು ಕಡೆಗೆ ತಿರುಗಿದ್ದವು, ಆದರೂ ಚೆಂಡು ಅವುಗಳ ನಡುವೆ ಹೋಗಿ ಸುಮ್ಮನೆ ಕೂರುತ್ತಿತ್ತು.

"ಜೋರಾಗಿ ಎಸಿಯೇ. ಮಗೂಗೆ ತುತ್ತು ಕೊಡೋ ಥರ ಕೊಡ್ಬೇಡ."

ಅವಳು ಜೋರಾಗಿ ಎಸೆದಳು. ಅದನ್ನೂ ಹಿಡಿದ. ದಿನ ಕಳೆದಂತೆ ಅವನ ನಡಿಗೆ ಬದಲಾಯಿತು. ಬೆನ್ನು ನೆಟ್ಟಗಾಯಿತು. ಬಟ್ಟಿಯ ಹತ್ತಿರ ಬೇರೆಯವರ ಜೊತೆ ತಮಾಷೆ ಮಾಡತೊಡಗಿದ. "ಒಂದೂ ಬಿಟ್ಟಿಲ್ಲ ನೋಡು, ಒಂದೂ ಬಿಟ್ಟಿಲ್ಲ," ಎಂದು ಮಗಳಿಗೆ ಹೇಳಿದ. ಆ ಕಡೆ ತೆಲುಗು ಮೀಡಿಯಮ್ಮೋ ಏನೋ, ಆದರೆ ಕನ್ನಡ ಸ್ಕೂಲೂ ಇರಬಹುದು, ಕೋದಂಡನನ್ನು ಕೇಳುತ್ತೇನೆ ಎಂದ. ಅನಸೂಯ ತಟ್ಟೆ ನೋಡಿಕೊಂಡು ಊಟ ಮಾಡಿದಳು. ಮಗಳು ಏನೂ ಹೇಳದೇ ಇರುವುದನ್ನು ಯಾರಿಂದ ಕಲಿತಳು ಎಂದು ಶಾಮಲಮ್ಮ ಯೋಚಿಸಲಿಲ್ಲ. ಅದು ಅವಳಿಗೆ ಗೊತ್ತಿತ್ತು.

ಗಂಡ ಮೊದಲಿನ ಹಾಗೆಯೇ ಆಡಬಲ್ಲ ಎಂದಾದರೆ ಅವನನ್ನು ತಡೆಯುವುದು ಯಾವ ಬಾಯಿಂದ? ಅವಳು ಮನಸ್ಸಿನಲ್ಲೇ ಗೋಣಿಚೀಲ ಹುಡುಕತೊಡಗಿದ್ದಳು. ಮೇಸ್ತ್ರಿ ಕೆಲಸ ಯಾರಿಗೆ ಕೊಡಬಹುದು ಎಂದೂ ಯೋಚಿಸಿದ್ದಳು. ಸಾಲಿನಲ್ಲಿ ಹಳಬಳಾದ ಮುತ್ಯಾಲಮ್ಮನಿಗೆ ಕೊಡಬಹುದು, ಆದರೆ ಅವಳ ಬಾಯಿಗೆ ಹುಡುಗಿಯರು ನಿಲ್ಲುವುದಿಲ್ಲ.

ಮಹಾಲಯ ಅಮಾವಾಸ್ಯೆಗೆ ಸ್ವಲ್ಪ ಮುಂಚೆ ಸಾಲಿಗೆ ಒಬ್ಬ ಹೊಸ ಹುಡುಗಿ ಬಂದಳು. ಲಾರಿಯ ಬುಡದಲ್ಲಿ ನಿಂತು ಎಸೆಯುತ್ತೇನೆ ಎಂದು ಮುಂದೆ ಬಂದಳು. ಮೊದಲ ಜೋಡಿ ಲಾರಿಯ ಹಲಗೆಗೆ ಬಡಿದು ಚೂರಾಯಿತು. ಎರಡನೆಯದನ್ನು ಮೇಲಿದ್ದ ಮುನಿಯಲ್ಲಪ್ಪ ಬಗ್ಗಿ ಹಿಡಿಯಲು ಹೋಗಿ ಬೀಳುವಂತಾದ.

"ಏಮೇ ಪಿಲ್ಲಾ, ಹೆಂಚು ಎಸೀತಿದೀಯೋ ಕಾಗೆ ಓಡಿಸ್ತಿದೀಯೋ?" ಎಂದು ಮುತ್ಯಾಲಮ್ಮ ತನ್ನ ತೆಲುಗು ಬೆರೆಸಿ ಕೂಗಿದಳು. ಸಾಲೆಲ್ಲ ನಕ್ಕಿತು.

"ಅವನು ಹಿಡೀಲಿಲ್ಲ ಅಕ್ಕ," ಎಂದಳು ಹುಡುಗಿ.

ಶಾಮಲಮ್ಮ ಅವಳ ಪಕ್ಕಕ್ಕೆ ಹೋಗಿ ನಿಂತಳು. "ಹಿಡಿಯೋನ ತಪ್ಪು ಅಂತ ಇಲ್ಲಿ ಇಲ್ಲಮ್ಮ. ಹೆಂಚು ಬಿತ್ತು ಅಂದ್ರೆ ಎಸೆದವಳ ತಪ್ಪೇ. ಅವನ ಕೈ ನೋಡ್ಬೇಡ, ಎದೆ ನೋಡು. ಅವನು ಯಾವ ಕಡೆ ವಾಲ್ತಾನೆ ಅಂತ ನೋಡು. ಅವನು ಕಣ್ಣು ಮುಚ್ಕೊಂಡಿದ್ರೂ ಅವನ ಕೈಗೇ ಬೀಳ್ಬೇಕು. ಹಂಗೆ ಹಾಕ್ಬೇಕು."

ಎರಡು ಹೆಂಚು ತೆಗೆದುಕೊಂಡು ಎಸೆದು ತೋರಿಸಿದಳು. ಮುನಿಯಲ್ಲಪ್ಪ ಯಾರ ಜೊತೆಯೋ ಮಾತಾಡುತ್ತಲೇ ಹಿಡಿದ.

ಆಗ ಅವಳಿಗೆ ಗೊತ್ತಾಯಿತು. ಕೈ ಹಾಗೇ ಗಾಳಿಯಲ್ಲಿ ನಿಂತಿತು. ಇಷ್ಟು ದಿನ ಕದಿರೇಶ ಚೆಂಡು ಹಿಡಿದಿರಲಿಲ್ಲ, ಅವಳು ಅವನ ಕೈಗೆ ಇಟ್ಟಿದ್ದಳು. ಜೋರಾಗಿ ಎಸಿ ಎಂದಾಗ ಜೋರಾಗಿ ಇಟ್ಟಿದ್ದಳು. ಅವನು ಎಡಕ್ಕೆ ವಾಲಿದರೆ ಎಡಕ್ಕೆ, ಬಲಕ್ಕೆ ವಾಲಿದರೆ ಬಲಕ್ಕೆ. ಬೇಕೆಂದು ಮಾಡಿದ್ದಲ್ಲ. ಅವಳ ಕೈಗೆ ಬೇರೆ ಥರ ಎಸೆಯುವುದೇ ಗೊತ್ತಿರಲಿಲ್ಲ. ಹಿಡಿಯುವವನು ಸೋಲುವ ಹಾಗೆ ಎಸೆಯುವುದನ್ನು ಅವಳಿಗೆ ಯಾರೂ ಕಲಿಸಿರಲಿಲ್ಲ.

"ಏಮಮ್ಮಾ ಮೇಸ್ತ್ರಿ, ನಿಂತೇ ನಿದ್ದೆನಾ?" ಎಂದಳು ಮುತ್ಯಾಲಮ್ಮ.

ಸಂಜೆ ತಗ್ಗಿನ ಜಾಗಕ್ಕೆ ಹೋದಾಗ ಕದಿರೇಶ ಆಗಲೇ ಮರಗಳ ನಡುವೆ ಕಾಯುತ್ತಿದ್ದ. ನಾಳೆ ಕೋದಂಡನಿಗೆ ಹೇಳಿ ಕಳಿಸುತ್ತೇನೆ, ಆಗುತ್ತೆ ಅಂತ ಎಂದ. ಅವಳು ಚೆಂಡು ಕೈಗೆತ್ತಿಕೊಂಡಳು. ಏನೂ ಹೇಳದೆ ಇದ್ದುಬಿಡಬಹುದಿತ್ತು. ಅವನು ಆ ಊರಿಗೆ ಹೋಗಿ, ಜನರ ಮುಂದೆ, ಯಾರೋ ಹುಡುಗರು ಒದ್ದ ಚೆಂಡಿನ ಮುಂದೆ ತನ್ನ ಕೈಯ ನಿಜ ತಿಳಿದುಕೊಳ್ಳುತ್ತಿದ್ದ. ಆಮೇಲೆ ಅವರು ಇನ್ನೊಂದು ಊರಿಗೆ ಹೋಗುತ್ತಿದ್ದರು. ಹೇಳಿಬಿಡಬಹುದಿತ್ತು ಕೂಡ. ಆದರೆ ಬಾಯಲ್ಲಿ ಹೇಳಿದ್ದನ್ನು ಅವನು ನಂಬುತ್ತಿರಲಿಲ್ಲ.

ಅವಳು ಅವನ ಎದೆಯನ್ನು ನೋಡಿದಳು. ಬಲಕ್ಕೆ ವಾಲುತ್ತಿದ್ದ. ಎಡ ಮರದ ಬುಡಕ್ಕೆ ಎಸೆದಳು. ಕೈ ಒಪ್ಪಲಿಲ್ಲ, ಭುಜದಲ್ಲಿ ಎಲ್ಲೋ ಹಿಡಿದುಕೊಂಡಂತಾಯಿತು. ಚೆಂಡು ಅವನನ್ನು ದಾಟಿ ಹೋಯಿತು.

"ಕೈ ಜಾರ್ತಾ?" ಎಂದು ಅವನೇ ಹೋಗಿ ಚೆಂಡು ತಂದುಕೊಟ್ಟ.

ಮತ್ತೆ ಎಸೆದಳು. ಈ ಸಲ ಬಲಕ್ಕೆ. ಅವನು ಹಾರಿದ, ಹಾರುವುದು ತಡವಾಯಿತು. ಚೆಂಡು ಹೋದ ಮೇಲೆ ಅವನು ನೆಲಕ್ಕೆ ಬಿದ್ದ. ಎದ್ದು ಮಣ್ಣು ಕೊಡವಿಕೊಳ್ಳದೆ ಚೆಂಡು ತಂದ. ಮತ್ತೊಂದು. ಇನ್ನೊಂದು. ಒಂದನ್ನು ಬೆರಳ ತುದಿ ಮುಟ್ಟಿತು, ತಡೆಯಲಿಲ್ಲ. ಪ್ರತಿ ಸಲವೂ ಅವನು ಚೆಂಡನ್ನು ತಂದು ಅವಳ ಕೈಗೇ ಕೊಡುತ್ತಿದ್ದ, ಎಸೆಯುತ್ತಿರಲಿಲ್ಲ.

ಕೊನೆಗೆ ಚೆಂಡನ್ನು ಕೊಡದೆ ಹಿಡಿದುಕೊಂಡು ನಿಂತ.

"ನಾನು ಅಲ್ಲಿಗೆ ಹೋಗ್ಬಾರ್ದು ಅಂತ ಹಿಂಗೆ ಹಾಕ್ತಿದೀಯಾ?"

"ಹೂಂ ಬಾವ. ಹೋಗ್ಬಾರ್ದು ಅಂತಾನೇ," ಎಂದಳು. ಇದನ್ನು ಇಷ್ಟು ಸಲೀಸಾಗಿ ಹೇಳಬಲ್ಲೆ ಎಂದು ಅವಳು ಅಂದುಕೊಂಡಿರಲಿಲ್ಲ. "ಆದ್ರೂ ನೀನು ಹಿಡೀಬೇಕಿತ್ತು."

ಅವನು ಚೆಂಡು ಹಿಡಿದುಕೊಂಡೇ ಮಣ್ಣಿನ ದಿಬ್ಬದ ಮೇಲೆ ಕೂತ. ಅವಳು ಪಕ್ಕದಲ್ಲಿ, ಆದರೆ ತೀರ ಪಕ್ಕದಲ್ಲಲ್ಲ, ಕೂತಳು.

"ಇಷ್ಟು ದಿನ ಯಾಕೆ ಹಂಗೆ ಹಾಕ್ದೆ ಮತ್ತೆ?"

"ನಂಗೆ ಗೊತ್ತಿರ್ಲಿಲ್ಲ. ಹೆಂಚು ಹಾಕಿ ಹಾಕಿ ಕೈ ಹಂಗೇ ಹೋಗುತ್ತೆ. ಇವತ್ತು ಆ ಹುಡುಗೀಗೆ ಹೇಳಿಕೊಡೋವಾಗ ತಿಳೀತು."

ಅವನು ತಲೆಯಾಡಿಸಿದ. ಬೈಯುತ್ತಾನೆ ಎಂದು ಅವಳು ಕಾದಳು. ಬೈಯಲಿಲ್ಲ. ಇನ್ನು ಮಾಲೂರು ಬಿಡಬೇಕಾಗಿಲ್ಲ ಎಂದು ಸಂತೋಷವಾಗಬೇಕಿತ್ತು, ಬಹುಶಃ ಮುಂದೆ ಆಗಲೂಬಹುದು. ಆ ಹೊತ್ತಿಗೆ ಮಾತ್ರ ಮೈಯೆಲ್ಲ ಭಾರವಾಗಿತ್ತು. ತನ್ನ ಆಯಾಸ ಯಾವುದು, ಅವನದು ಯಾವುದು ಎಂದು ಬೇರೆ ಮಾಡಲು ಆಗದಷ್ಟು ವರ್ಷ ಒಟ್ಟಿಗೆ ದಣಿದಿದ್ದರು.

"ಕೋದಂಡನಿಗೆ ನೀನೇ ಹೇಳಿ ಕಳಿಸು," ಎಂದ ಅವನು. "ಮಗಳ ಸ್ಕೂಲು, ಅದು ಇದು ಅಂತ ಏನಾದ್ರೂ ಹೇಳು. ನೀನು ಹೇಳಿದ್ರೆ ಬೇಜಾರು ಮಾಡ್ಕೊಳ್ಳಲ್ಲ."

ಪ್ರತಿ ಊರಿನಲ್ಲೂ ಮನೆ ಬಿಡುವ ಮಾತನ್ನು ಮನೆ ಮಾಲೀಕರಿಗೆ ಹೇಳಿದವಳು ಅವಳು. ಅಂಗಡಿಯವನಿಗೆ, ಸ್ಕೂಲಿನ ಹೆಡ್‌ಮಾಸ್ಟರಿಗೆ, ಅವನ ತಾಯಿಗೆ, ಎಲ್ಲರಿಗೂ ಅವಳೇ ಹೇಳಿದ್ದಳು.

"ಇಲ್ಲ ಬಾವ. ಅಣ್ಣ ಕೇಳಿದ್ದು ನಿನ್ನನ್ನ. ಆಗುತ್ತೋ ಇಲ್ವೋ ಅಂತ. ಮಗಳ ಸ್ಕೂಲು ಯಾಕೆ ಮಧ್ಯೆ?"

ಕತ್ತಲಾಗುವ ಮೊದಲು ಇಬ್ಬರೂ ಎದ್ದು ಮನೆಗೆ ನಡೆದರು.

ಮಾರನೆಯ ಬೆಳಿಗ್ಗೆ ಅವಳು ಕೆಲಸಕ್ಕೆ ಹೊರಡುವ ಹೊತ್ತಿಗೆ ಅವನು ಸ್ನಾನ ಮಾಡಿ, ಒಗೆದ ಬಿಳಿ ಷರ್ಟು ಹಾಕಿಕೊಂಡಿದ್ದ. ಕೋಲಾರದ ಬಸ್ಸು ಹಿಡಿದು, ಅಲ್ಲಿಂದ ಮುಳಬಾಗಿಲು, ನಂಗಲಿ, ಹಾಗೆ ಹೋಗುತ್ತೇನೆ ಎಂದ. ಆಗಲ್ಲ ಅಂತ ಎದುರಿಗೇ ಹೇಳಿ ಬರುತ್ತೇನೆ ಎಂದ. ಅವಳು ಬುತ್ತಿ ಕಟ್ಟಿಕೊಟ್ಟಳು. ಬಾಗಿಲಲ್ಲಿ ಚಪ್ಪಲಿ ಮೆಟ್ಟಿಕೊಂಡು ಅವನು ತಿರುಗಿದ.

"ಸಂಜೆಗೆ ಬಂದ್ಬಿಡ್ತೀನಿ."

ಫುಟ್‌ಬಾಲಿಗೆಂದು ಹೊರಟ ಯಾವ ಸಲವೂ ಅವನು ಮನೆಗೆ ಬರುವ ಹೊತ್ತು ಹೇಳಿದವನಲ್ಲ. ಹೂಂ ಎಂದಳು ಶಾಮಲಮ್ಮ. ಭುಜ ಇನ್ನೂ ನೋಯುತ್ತಿತ್ತು. ಸೆರಗು ಸಿಕ್ಕಿಸಿಕೊಂಡು ಬಾಗಿಲು ಎಳೆದುಕೊಂಡು ಕಾರ್ಖಾನೆಯ ಕಡೆ ನಡೆದಳು. ಇವತ್ತು ಯಾರನ್ನು ಎಲ್ಲಿ ನಿಲ್ಲಿಸಬೇಕೆಂದು ಅವಳು ಇನ್ನೂ ಯೋಚಿಸಿರಲಿಲ್ಲ.