ಆರನೇ ಅಧ್ಯಾಯ ಮತ್ತು ಬೋರಕ್ಕನ ಎಡಗೈ

ಕಿರಣ್‌ಕುಮಾರ್ ಮೇಷ್ಟ್ರು ಆ ಭಾನುವಾರ ಹಿರೇಗುಂಟನೂರಿಗೆ ಬಂದದ್ದು ಎರಡೇ ಎರಡು ಉಳಿಗಳ ಹೆಸರು ಕೇಳಿಕೊಂಡು ಹೋಗಲು. ಹತ್ತು ನಿಮಿಷದ ಕೆಲಸ. ಬೋರಕ್ಕನ ಜಗಲಿಯಲ್ಲಿ ಕೂತು, ಟೀ ಕುಡಿದು, ಹಾಗೇ ಎದ್ದು ಹೋಗಿದ್ದರೆ ಅವರ ಪುಸ್ತಕವೂ ಸುಖವಾಗಿ ಹೊರಬರುತ್ತಿತ್ತು, ಅವರೂ ಸುಖವಾಗಿರುತ್ತಿದ್ದರು. ಆದರೆ ಬರೆದವರಿಗೆ ಬರೆದದ್ದನ್ನು ತೋರಿಸದೆ ಇರಲು ಆಗುತ್ತದೆಯೇ? ಅಚ್ಚಿಗೆ ಹೋಗಬೇಕಿದ್ದ ಹಾಳೆಗಳ ಕಟ್ಟನ್ನು ಚೀಲದಿಂದ ತೆಗೆದು ಜಗಲಿಯ ಮೇಲಿಟ್ಟರು.

ನಾಡಿನ ಆಧುನಿಕ ಚಿತ್ರಕಾರರು, ಶಿಲ್ಪಿಗಳ ಬದುಕು ಮತ್ತು ಕೆಲಸವನ್ನು ಕುರಿತ ಒಂದು ಪುಸ್ತಕಮಾಲೆ. ಅದರಲ್ಲಿ ಇದು ಹನ್ನೊಂದನೆಯದು. ಐದು ವರ್ಷದ ಹಿಂದೆ ತೀರಿಕೊಂಡ ಶಿಲ್ಪಿ ತಿಪ್ಪೇರುದ್ರಪ್ಪನವರ ಮೇಲೆ ಬರೆದದ್ದು. ದುರ್ಗದ ಕಾಲೇಜೊಂದರಲ್ಲಿ ಕಲೆಯ ಇತಿಹಾಸ ಹೇಳಿಕೊಡುವ ಮೇಷ್ಟ್ರು ಇದಕ್ಕಾಗಿ ನಾಲ್ಕು ವರ್ಷ ತಿರುಗಾಡಿದ್ದರು. ದೊಡ್ಡ ದೊಡ್ಡವರನ್ನೆಲ್ಲ ಕಂಡು ಮಾತಾಡಿಸಿದ್ದರು. ಮದಕರಿಪುರದ ಹೊರಗಿದ್ದ ತಿಪ್ಪೇರುದ್ರಪ್ಪನವರ ಶೆಡ್ಡಿನಲ್ಲಿ ಇಪ್ಪತ್ತೆಂಟು ವರ್ಷ ದುಡಿದ ಬೋರಕ್ಕನ ನೆನಪು ಬಂದದ್ದು ಮಾತ್ರ ಕಟ್ಟಕಡೆಗೆ, ಅದೂ ಉಳಿಗಳ ಹೆಸರಿಗೆ.

"ಇದು ಆರನೇ ಅಧ್ಯಾಯ, ಬೋರಕ್ಕ. ಓದಿದೋರೆಲ್ಲ ಇದನ್ನೇ ಹೊಗಳ್ತಾ ಅವ್ರೆ," ಅಂದರು ಮೇಷ್ಟ್ರು.

ಬೋರಕ್ಕನಿಗೆ ಅಂಕಿ ಬರುತ್ತಿತ್ತು, ಅಕ್ಷರ ಬರುತ್ತಿರಲಿಲ್ಲ. ಅಂಗನವಾಡಿ ಟೀಚರಾಗಿದ್ದ ಮಗಳು ರೇಣುಕಾ ಹಾಳೆ ತೆಗೆದುಕೊಂಡು ಗಟ್ಟಿಯಾಗಿ ಓದಿದಳು. ತಿಪ್ಪೇರುದ್ರಪ್ಪನವರ ಕೊನೆಯ ಹನ್ನೆರಡು ವರ್ಷಗಳ ಶಿಲ್ಪಗಳಲ್ಲಿ ಉಳಿಯ ಗೆರೆ ಇದ್ದಕ್ಕಿದ್ದಂತೆ ದಿಕ್ಕು ಬದಲಿಸಿದೆಯಂತೆ. ಅದುವರೆಗೆ ಬಲದಿಂದ ಎಡಕ್ಕೆ ಇಳಿಯುತ್ತಿದ್ದ ಗೆರೆ ಈಗ ಎಡದಿಂದ ಬಲಕ್ಕೆ ಇಳಿಯುತ್ತದಂತೆ. ಇದು ಕಲಾವಿದ ತನ್ನದೇ ಪರಂಪರೆಯ ವಿರುದ್ಧ ಸಾರಿದ ಬಂಡಾಯವಂತೆ; ಒಳಗಿನ ತುಮುಲ ಕಲ್ಲಿನ ಮೇಲೆ ಮೂಡಿದ ಬಗೆಯಂತೆ. ಎತ್ತು ಈಯಿತು ಅಂದರೆ ಕೊಟ್ಟಿಗೆಗೆ ಕಟ್ಟು ಅನ್ನುವವರನ್ನು ನಾವೆಲ್ಲ ಕಂಡಿದ್ದೇವೆ. ಎತ್ತು ಯಾಕೆ ಈಯಿತು ಅಂತ ಹದಿನಾಲ್ಕು ಪುಟ ಬರೆದವರು ಈ ಮೇಷ್ಟ್ರು ಒಬ್ಬರೇ ಇರಬೇಕು.

ಬೋರಕ್ಕ ಮೊದಲು ಸೆರಗು ಬಾಯಿಗಿಟ್ಟುಕೊಂಡು ನಕ್ಕಳು. ಆಮೇಲೆ ಸೆರಗು ಬಿಟ್ಟು ನಕ್ಕಳು.

"ಮೇಷ್ಟ್ರೇ, ಅದು ಬಂಡಾಯ ಅಲ್ರೀ. ಅದು ನಾನು."

"ಏನಂದ್ರಿ?"

ಅವಳು ಎಡಗೈ ಮುಂದೆ ಚಾಚಿದಳು. ಸುತ್ತಿಗೆ ಹಿಡಿದು ಹಿಡಿದು ಅಂಗೈ ಜಡ್ಡುಗಟ್ಟಿತ್ತು. ಬಲಗೈಯ ಹೆಬ್ಬೆರಳಿನ ಮೇಲೆ ತಪ್ಪಿ ಬಿದ್ದ ಪೆಟ್ಟುಗಳ ಹಳೆಯ ಕಲೆಗಳಿದ್ದವು. ಬೇರೆಯವರಿಗೆಲ್ಲ ಇವು ಅದಲು ಬದಲಾಗಿ ಇರುತ್ತವೆ. ಮೇಷ್ಟ್ರು ಆ ಕೈಗಳನ್ನು ನೋಡಿದರು, ಹಾಳೆಯ ಮೇಲಿನ ಫೋಟೋಗಳನ್ನು ನೋಡಿದರು, ಮತ್ತೆ ಕೈಗಳನ್ನು ನೋಡಿದರು. ಟೀ ಆರಿಹೋಯಿತು. ಬೋರಕ್ಕ ಹಾಳೆ ತಿರುವುತ್ತ ಒಂದೊಂದಾಗಿ ಬೆರಳಿಟ್ಟು ಒಂಬತ್ತು ಕಲ್ಲು ಎಣಿಸಿದಳು. 'ಏಕಾಂತ–೩' ಅಂತ ರೇಣುಕಾ ಹೆಸರು ಓದಿದ ಶಿಲ್ಪದ ಹತ್ತಿರ ನಿಂತು, "ಇದು ನಮ್ಮ ಎಮ್ಮೆ. ಕರ ಹಾಕಿ ಸುಸ್ತಾಗಿ ಮಲಗಿದ್ದು. ಏಕಾಂತ ಎಲ್ಲಿಂದ ಬಂತು? ಪಕ್ಕದಾಗೇ ಕರ ಇತ್ತಲ್ಲ!" ಅಂದಳು.

ಬೋರಕ್ಕ ಹುಟ್ಟು ಎಡಚಿ. ಹುಟ್ಟಿದ್ದು ಕಲ್ಲುಕೆಲಸದ ಮನೆಯಲ್ಲಿ. ದೇವರ ಕಲ್ಲಿಗೆ ಎಡಗೈ ಸುತ್ತಿಗೆಯ ಪೆಟ್ಟು ಬೀಳಬಾರದು ಅನ್ನುವುದು ಅವಳ ಅಪ್ಪ ಚಿಕ್ಕತಿಮ್ಮಪ್ಪನ ಕಟ್ಟಪ್ಪಣೆ. ಬಿದ್ದರೆ ಆ ಮೂರ್ತಿ ಪೂಜೆಗೆ ಬಾರದು. ಹೆಣ್ಣಾಗಿದ್ದಕ್ಕೆ ಒಂದು ಬೇಲಿ, ಎಡಚಿಯಾಗಿದ್ದಕ್ಕೆ ಅದರಾಚೆ ಇನ್ನೊಂದು. ಅವಳ ಪಾಲಿಗೆ ಉಳಿದದ್ದು ಸವೆದ ಒರಳು, ಬೀಸುಕಲ್ಲುಗಳಿಗೆ ಹೊಸದಾಗಿ ಉಳಿ ಹಾಕುವ ಕೆಲಸ. ಹಿಟ್ಟು ಬೀಸುವ ಕಲ್ಲು ಎಡ ಬಲ ಕೇಳುವುದಿಲ್ಲ. ಹಿರಿಯೂರು, ಹೊಸದುರ್ಗದ ಕಡೆಯ ಹಳ್ಳಿಗಳನ್ನೆಲ್ಲ ಸುತ್ತಿ ಅದನ್ನೇ ಮಾಡಿದಳು. ಮನೆಮನೆಗೆ ಮಿಕ್ಸಿ ಬಂದು ಆ ಕೆಲಸವೂ ಹೋದ ಮೇಲೆ ತಿಪ್ಪೇರುದ್ರಪ್ಪನವರ ಶೆಡ್ಡಿಗೆ ನೀರು ಹೊರಲು ಸೇರಿದಳು.

ಒಂದು ದಿನ ಯಾರೂ ಇಲ್ಲವೆಂದು ತಿಳಿದು ಒಡೆದ ಕಲ್ಲೊಂದರ ಮೇಲೆ ಉಳಿ ಆಡಿಸುತ್ತಿದ್ದಾಗ ಅವರು ಬಂದುಬಿಟ್ಟರು. ಬೋರಕ್ಕ ಕೈ ಹಿಂದಕ್ಕೆ ಬಚ್ಚಿಟ್ಟುಕೊಂಡಳು. "ಎಡಗೈ, ಸ್ವಾಮಿ. ತಪ್ಪಾತು," ಅಂದಳು. ತಿಪ್ಪೇರುದ್ರಪ್ಪನವರು, "ಇದು ದೇವರಲ್ಲ ಕಣಮ್ಮ. ಇದಕ್ಕೆ ಯಾರೂ ಮಂಗಳಾರತಿ ಎತ್ತಲ್ಲ. ಹೊಡಿ," ಅಂದರು. ಆಧುನಿಕ ಕಲೆ ಅಂದರೆ ಏನೆಂದು ಪಂಡಿತರು ಇವತ್ತಿಗೂ ಜಗಳವಾಡುತ್ತಾರೆ. ಬೋರಕ್ಕನಿಗೆ ಅದು ಆವತ್ತೇ ತಿಳಿದುಹೋಯಿತು: ಎಡಗೈಗೂ ಜಾಗ ಇರುವ ಕಲೆ. ಆ ಸಂಜೆ ಮನೆಗೆ ಬಂದು ಖುಷಿಗೆ ಅತ್ತಿದ್ದಳು.

ಆಮೇಲೆ ಅವರ ಬಲಗೈಗೆ ನಡುಕ ಬಂತು. ಹೊರಗೆ ಯಾರಿಗೂ ಹೇಳಲಿಲ್ಲ. ಮೊದಮೊದಲು ಅವರು ಬರೆದುಕೊಟ್ಟ ಗೆರೆಯಂತೆ ಬೋರಕ್ಕ ಕೆತ್ತಿದಳು. ಬರೆಯಲೂ ಆಗದಂತಾದ ಮೇಲೆ, "ನಿನಗೆ ತೋಚಿದ್ದು ಮಾಡು," ಅಂದು ಸ್ಟೂಲಿನ ಮೇಲೆ ಕೂತು ನೋಡಿದರು. ಹಾಗೆ ತೋಚಿದ್ದು ಆ ಒಂಬತ್ತು. ಪ್ರತಿಯೊಂದರ ಬುಡದಲ್ಲೂ ಅವರ ಹೆಸರು ಕೆತ್ತಿದವಳೂ ಇವಳೇ, ಚೀಟಿಯ ಮೇಲಿನ ಅಕ್ಷರ ನೋಡಿಕೊಂಡು, ತಾನು ಏನು ಬರೆಯುತ್ತಿದ್ದೇನೆಂದು ಓದಲೂ ಬಾರದೆ. ತನ್ನ ಹೆಸರು ಯಾಕಿಲ್ಲವೆಂದು ಒಮ್ಮೆ ತಡೆಯಲಾರದೆ ಕೇಳಿಯೂಬಿಟ್ಟಿದ್ದಳು. "ಕಲ್ಲಿನ ಮೇಲೆ ಒಂದೇ ಹೆಸರು ಹಿಡಿಸ್ತೈತೆ ಬೋರಕ್ಕ. ಪುಸ್ತಕ ಅಂತ ಆದಾಗ ನಿನ್ನ ಹೆಸರು ಬಂದೇ ಬರ್ತೈತೆ," ಅಂದಿದ್ದರು ಅವರು. ಅವರ ಮೇಲೆ ಅವಳಿಗೆ ಪ್ರೀತಿಯೂ ಇತ್ತು, ಸಿಟ್ಟೂ ಇತ್ತು. ಎರಡನ್ನೂ ನುಂಗಿಕೊಂಡು ಪುಸ್ತಕಕ್ಕಾಗಿ ಕಾದಿದ್ದಳು.

"ಈಗ ಪುಸ್ತಕ ಆಗೈತಲ್ಲ ಮೇಷ್ಟ್ರೇ," ಅಂದಳು. "ನನ್ನ ಹೆಸರು ಬರ್ಕಳ್ರಿ."

ಮೇಷ್ಟ್ರು ತಲೆ ಆಡಿಸಿದರು. ಬರೆಯುತ್ತೇನೆ ಅಂತಲೋ, ನೋಡೋಣ ಅಂತಲೋ, ಆ ತಲೆಯಾಟದಲ್ಲಿ ತಿಳಿಯಲಿಲ್ಲ.

ನಾಲ್ಕನೆಯ ದಿನ ಬಂದದ್ದು ಮೇಷ್ಟ್ರಲ್ಲ, ಅವರಿಂದ ಸುದ್ದಿ ತಿಳಿದ ತಿಪ್ಪೇರುದ್ರಪ್ಪನವರ ಮಗ ಮಂಜುನಾಥ್. ಹೊಳಲ್ಕೆರೆ ರಸ್ತೆಯಲ್ಲಿ ಅವನದು ಟೈಲ್ಸ್ ಅಂಗಡಿ. ಅಪ್ಪನ ಶಿಲ್ಪಗಳೆಲ್ಲ ಈಗ ಅವನ ವಶದಲ್ಲಿದ್ದವು. ಪುಸ್ತಕಕ್ಕೆ ಫೋಟೋ ಕೊಟ್ಟವನೂ ಅವನೇ. ಅಪ್ಪ ಇದ್ದಾಗ ಶೆಡ್ಡಿಗೆ ಅಪರೂಪಕ್ಕೆ ಬರುತ್ತಿದ್ದವನು, ಬಂದರೂ ಕಾರಿನಿಂದ ಇಳಿಯುತ್ತಿರಲಿಲ್ಲ. ಇವತ್ತು ಇಳಿದ.

"ಬೋರಕ್ಕ, ಬೆಂಗಳೂರಿನ ಮ್ಯೂಸಿಯಂನಾಗೆ ಅಪ್ಪನ ಹೆಸರಲ್ಲಿ ಒಂದು ಕೋಣೆನೇ ಮಾಡ್ತಾರೆ. ಈಗ ಈ ಮಾತೆಲ್ಲ ಯಾಕೆ? ಸಹಾಯಕಿ ಅಂತ ನಿನ್ನ ಹೆಸರು ಕೊನೇ ಪುಟದಾಗೆ ಹಾಕಿಸ್ತೀನಿ. ಬಿಡುಗಡೆ ದಿನ ಸ್ಟೇಜ್ ಮೇಲೆ ಕರ್ದು ಶಾಲು ಹೊದಿಸ್ತೀವಿ."

"ಅಳಿಯ ಅಲ್ಲ, ಮಗಳ ಗಂಡ ಅಂದಂಗಾತು," ಅಂದಳು ಬೋರಕ್ಕ. "ಸಹಾಯಕಿ ಅಂದ್ರೆ ನೀರು ಹೊರೋಳು. ನೀರೂ ಹೊತ್ತೀನಿ, ಅದನ್ನ ಬೇಕಾದ್ರೆ ಕೊನೇ ಪುಟದಾಗೆ ಹಾಕು. ಕಲ್ಲು ಕೆತ್ತಿದ್ದನ್ನ ಕಲ್ಲಿನ ಪಕ್ಕದಾಗೆ ಹಾಕು."

"ನೀನು ಕೂಲಿ ತಗಂಡಿಲ್ವಾ?"

"ಕೈಗೆ ಕೂಲಿ ತಗಂಡೀನಿ ಕಣಪ್ಪ. ಹೆಸರು ಮಾರಿಲ್ಲ."

ಮಂಜುನಾಥನ ಮುಖ ಗಂಟಿಕ್ಕಿತು. "ನಮ್ಮಪ್ಪ ಹನ್ನೆರಡು ವರ್ಷ ಸುಮ್ಮನೆ ಕೂತಿದ್ದ ಅಂತೀಯೇನು? ಸತ್ತೋನ ಮೇಲೆ ಹಿಂಗೆಲ್ಲ ಹೇಳಬ್ಯಾಡ. ಪುಸ್ತಕ ಇದ್ದಂಗೇ ಬರ್ತೈತೆ. ಇಲ್ಲಾಂದ್ರೆ ಫೋಟೋ ವಾಪಸ್ ತಗಂತೀನಿ, ಪುಸ್ತಕನೇ ಬರಲ್ಲ." ಹೀಗೆ ಹೇಳಿ ಕಾರು ಹತ್ತಿದ.

ರೇಣುಕಾ ಮೇಷ್ಟ್ರಿಗೆ ಫೋನ್ ಮಾಡಿದಳು. ನಾಲ್ಕು ವರ್ಷದ ಕೆಲಸ, ಫೋಟೋ ಇಲ್ಲದೆ ಪುಸ್ತಕವಿಲ್ಲ, ಎರಡನೇ ಮುದ್ರಣದಲ್ಲಿ ನೋಡೋಣ ಎಂದು ಅವರು ತೊದಲಿದರು. ಪಾಪದ ಮನುಷ್ಯ, ಕೆಟ್ಟವರಲ್ಲ. ಆದರೆ ಪಾಪದವರು ಬಾಯಿ ಮುಚ್ಚಿಕೊಂಡಿದ್ದರೆ ಕೆಟ್ಟವರು ಮಾಡುವ ಕೆಲಸವೇ ಉಳಿಯುವುದಿಲ್ಲ. ಇಷ್ಟಾದರೂ ಬಿಡುಗಡೆಗೆ ಬರಬೇಕೆಂಬ ಕರೆಯೋಲೆ ಮಾತ್ರ ಮನೆಗೆ ಬಂತು. "ಹೋಗೋದು ಬ್ಯಾಡವ್ವ, ಅವರ ಶಾಲಿಗೆ ಬೆಂಕಿ ಹಾಕ," ಅಂದಳು ರೇಣುಕಾ.

"ಯಾಕೆ ಬ್ಯಾಡ? ಕರ್ದವ್ರೆ, ಹೋಗಾಣ," ಅಂದಳು ಬೋರಕ್ಕ. "ಅಲ್ಲಿ ಪುಟದ ನಂಬರು ಮಾತ್ರ ನೋಡ್ಕಳಾಣ."

ಬಿಡುಗಡೆ ದುರ್ಗದ ಒಂದು ಸಭಾಂಗಣದಲ್ಲಿ. ಬಾಗಿಲಲ್ಲೇ ಎಲ್ಲರ ಕೈಗೂ ಒಂದೊಂದು ಪುಸ್ತಕ ಕೊಟ್ಟಿದ್ದರು. ಕಲಾಶಾಲೆಯ ಹುಡುಗಿಯರು, ಮೇಷ್ಟ್ರುಗಳು, ಪೇಪರಿನವರು, ಎಲ್ಲ ಸೇರಿ ಇನ್ನೂರು ಜನ. ಬೋರಕ್ಕನೂ ಒಂದು ಪ್ರತಿ ಇಸಿದುಕೊಂಡಳು. ರೇಣುಕಾಳ ಜೊತೆ ಮೂಲೆಯಲ್ಲಿ ಕೂತು ಫೋಟೋ ಇದ್ದ ಪುಟಗಳ ಅಂಕಿ ನೋಡಿ ನೋಡಿ ಬಾಯಲ್ಲಿ ಹೇಳಿಕೊಂಡಳು. ಅವಳ ಹೆಸರು ಕೊನೆಯ ಪುಟದಲ್ಲೂ ಇರಲಿಲ್ಲ.

ಭಾಷಣಗಳಾದವು. ಒಬ್ಬರಂತೂ ಆರನೇ ಅಧ್ಯಾಯವನ್ನು ಕಾಲು ಗಂಟೆ ಹೊಗಳಿದರು. ವೇದಿಕೆಯ ಮೇಲಿದ್ದ ಕಿರಣ್‌ಕುಮಾರ್ ಮೇಷ್ಟ್ರು ಅಷ್ಟು ಹೊತ್ತೂ ತಮ್ಮ ಚಪ್ಪಲಿಯನ್ನೇ ನೋಡುತ್ತಿದ್ದರು. ಕೊನೆಗೆ, "ಮಹಾನ್ ಕಲಾವಿದರ ನಿಷ್ಠಾವಂತ ಸೇವಕಿ ಶ್ರೀಮತಿ ಬೋರಕ್ಕ," ಎಂದು ಕರೆದರು. ಅವಳು ಮೆಟ್ಟಿಲು ಹತ್ತಿದಳು. ಮಂಜುನಾಥ್ ಶಾಲು ಬಿಡಿಸಿಕೊಂಡು ಮುಂದೆ ಬಂದ. ಬೋರಕ್ಕ ಅವನನ್ನು ಬಳಸಿಕೊಂಡು ನೇರ ಮೈಕಿನ ಮುಂದೆ ಹೋಗಿ ನಿಂತಳು.

"ಎಲ್ಲರೂ ಪುಸ್ತಕ ತೆಗೀರಿ. ಪುಟ ಎಂಬತ್ತೊಂದು."

ಜನ ಏನೋ ಕಾರ್ಯಕ್ರಮದ ಭಾಗವಿರಬೇಕೆಂದು ಪುಸ್ತಕ ತೆರೆದರು. "ಅದು ನಾನು ಕೆತ್ತಿದ್ದು. ಬೋರಕ್ಕ, ಹಿರೇಗುಂಟನೂರು. ಪೆನ್ನಿದ್ದೋರು ಬರ್ಕಳ್ರಿ. ಎಂಬತ್ತನಾಕು, ಅದೂ ನಂದು. ಎಂಬತ್ತೈದು, ಅದು ನಮ್ಮ ಎಮ್ಮೆ."

ಯಾರೋ ಮೈಕಿನ ಬಾಯಿ ಕಟ್ಟಿದರು. ಕಲ್ಲು ಸೀಳುವ ಸದ್ದಿನ ನಡುವೆ ಬೆಳೆದವಳಿಗೆ ಮೈಕು ಯಾತಕ್ಕೆ? "ಎಂಬತ್ತೆಂಟು!" ಎಂದು ಕೂಗಿದಳು. ಅದು ಹಿಂದಿನ ಗೋಡೆಗೆ ಹೋಗಿ ಬಡಿಯಿತು. ಇಬ್ಬರು ಅವಳ ತೋಳು ಹಿಡಿಯಲು ಎದ್ದರು. ಆಗ ಕಿರಣ್‌ಕುಮಾರ್ ಮೇಷ್ಟ್ರು ಅಡ್ಡ ಬಂದರು.

"ಮಾತಾಡ್ಲಿ ಬಿಡ್ರಿ," ಅಂದರು. "ಆರನೇ ಅಧ್ಯಾಯ ಬರೆದವನು ನಾನು. ಅದು ತಪ್ಪು. ತಪ್ಪು ಅಂತ ಗೊತ್ತಾದ ಮೇಲೂ ಅಚ್ಚು ಹಾಕಿಸಿದೆ."

ಸಭೆಯಲ್ಲಿ ಗುಜುಗುಜು ಎದ್ದಿತು. ಹುಡುಗಿಯರ ಸಾಲಿನಲ್ಲಿ ಪೆನ್ನುಗಳು ಹೊರಬಂದವು. ಬೋರಕ್ಕ ಮುಂದುವರಿಸಿದಳು: ತೊಂಬತ್ತು, ತೊಂಬತ್ತೆರಡು, ತೊಂಬತ್ತಮೂರು. "ಆಮೇಲೆ ತೊಂಬತ್ತೇಳು," ಅಂದಾಗ ಮಂಜುನಾಥ್ ಪುಸ್ತಕ ಎತ್ತಿ ಹಿಡಿದು ಗಹಗಹಿಸಿದ.

"ನೋಡ್ರಿ ಸ್ವಾಮಿ, ನೋಡ್ರಿ! ತೊಂಬತ್ತೈದನ್ನ ಹಾರಿಸಿಬಿಟ್ಳು! ಅದರಾಗೂ ಗೆರೆ ಎಡದಿಂದ ಬಲಕ್ಕೇ ಐತಲ್ಲ? ಬಾಯಿಪಾಠ ತಪ್ಪೋತಾ ಬೋರಕ್ಕ? ಯಾರು ಹೇಳ್ಕೊಟ್ರು ನಿಂಗೆ ಇದನ್ನೆಲ್ಲ?"

ಕೆಲವರು ನಕ್ಕರು. ಬೋರಕ್ಕನಿಗೆ ಹೇಳಲು ಮನಸ್ಸಿರಲಿಲ್ಲ. ಯಾರಿಗೂ ಹೇಳುವುದಿಲ್ಲವೆಂದು ತಿಪ್ಪೇರುದ್ರಪ್ಪನವರಿಗೆ ಮಾತು ಕೊಟ್ಟಿದ್ದಳು. ಆದರೆ ಕೇಳಿದವನು ಅವರ ಮಗ.

"ತೊಂಬತ್ತೈದು ನಂದಲ್ಲ," ಅಂದಳು, ಈ ಸಲ ಮೆಲ್ಲಗೆ. "ಅದು ನಿಮ್ಮಪ್ಪಂದು. ಸಾಯೋಕೆ ಮುಂಚಿನ ವರ್ಷ. ನನಗೂ ಕೊನೇದಾಗಿ ಒಂದು ಕಲ್ಲು ಹೊಡೀಬೇಕು ಬೋರಕ್ಕ, ಎಡಗೈಲಿ ಹೊಡ್ಯೋದು ಹೇಳ್ಕೊಡು ಅಂದ್ರು. ನಡುಗೋ ಬಲಗೈಗೆ ನನ್ನ ಹಳೇ ಸೀರೆ ಹರಿದು ಉಳಿ ಕಟ್ಟಿದೆ. ಎಡಗೈಗೆ ಸಣ್ಣ ಸುತ್ತಿಗೆ ಕೊಟ್ಟೆ. ದಿನಕ್ಕೆ ಇಪ್ಪತ್ತು ಪೆಟ್ಟು ಹಾಕೋರು, ಅದರಾಗೆ ಹತ್ತು ಕೈ ಮೇಲೇ ಬೀಳೋವು. ಏಳು ತಿಂಗಳು ಹೊಡೆದ್ರು."

ಮಂಜುನಾಥನ ಕೈಯಲ್ಲಿದ್ದ ಪುಸ್ತಕ ಕೆಳಗಿಳಿಯಿತು.

"ನೀನು ಅವತ್ತು ಜಗಲಿ ಮೇಲೆ ಕೇಳಿದ್ಯಲ್ಲ, ನಮ್ಮಪ್ಪ ಸುಮ್ಮನೆ ಕೂತಿದ್ದನಾ ಅಂತ. ಕೂತಿರಲಿಲ್ಲ ಕಣಪ್ಪ. ನೋಡು ಅದನ್ನ, ಎಷ್ಟು ಒರಟಾಗೈತೆ. ಈ ಪುಸ್ತಕದಾಗೆ ಅಷ್ಟು ಕೆಟ್ಟ ಕೆಲಸ ಇನ್ನೊಂದಿಲ್ಲ. ಆದ್ರೆ ಅದರ ಕೆಳಗೆ ಯಾರಾದ್ರೂ ನನ್ನ ಹೆಸರು ಬರೆದ್ರೆ ಅವರ ಕೈ ಮುರೀತೀನಿ. ಅವರದು ಅವರಿಗೆ, ನಂದು ನನಗೆ."

ಹುಡುಗಿಯರ ಪೆನ್ನುಗಳು ನಿಂತವು. ಮಂಜುನಾಥ್ ತೊಂಬತ್ತೈದನೇ ಪುಟ ತೆರೆದು ನಿಂತಲ್ಲೇ ನಿಂತಿದ್ದ. ಅವನ ತೋಳಿನಿಂದ ಶಾಲು ಜಾರಿ ಬಿದ್ದದ್ದೂ ಅವನಿಗೆ ತಿಳಿಯಲಿಲ್ಲ. ಬೋರಕ್ಕ ಒಂದು ಗಳಿಗೆ ಅವನನ್ನು ನೋಡಿದಳು. ಅವಳಿಗೆ ಅವನ ಮೇಲೆ ಕನಿಕರ ಬಂತು. ಆದರೆ ಕನಿಕರ ಬಂತೆಂದು ಕೆಲಸ ಅರ್ಧಕ್ಕೆ ಬಿಡುವವಳಲ್ಲ. ಸಭೆಯ ಕಡೆ ತಿರುಗಿದಳು.

"ಯಾಕೆ ನಿಲ್ಲಿಸಿದ್ರಿ? ಇನ್ನೂ ಎರಡು ಅವೆ. ತೊಂಬತ್ತೇಳು ತೆಗೀರಿ."

ಇನ್ನೂರು ಪುಸ್ತಕಗಳ ಹಾಳೆಗಳು ತಿರುಗಿದವು.